ರೀಲು ಡಬ್ಬಿಯ ಸಾಕ್ಷಿ

2025ರ ಜೂನ್ 12ರಂದು ಲಂಡನ್ನಿನ ಬ್ರಿಟಿಷ್ ಫಿಲಂ ಇನ್‌ಸ್ಟಿಟ್ಯೂಟ್ ತನ್ನ ಉತ್ಸವದ ಮೊದಲ ಪ್ರದರ್ಶನಕ್ಕೆ ಆರಿಸಿಕೊಂಡದ್ದು 48 ವರ್ಷ ಹಳೆಯ ಸಿನಿಮಾವನ್ನು: ‘ಸ್ಟಾರ್ ವಾರ್ಸ್’. ಟಿಕೆಟಿಗಾಗಿ ಜನ ಮುಗಿಬಿದ್ದರು. ಮನೆಯ ಟೀವಿಯಲ್ಲಿ, ಅಂಗೈಯ ಮೊಬೈಲಿನಲ್ಲಿ ಬೇಕೆಂದಾಗ ಸಿಗುವ ಸಿನಿಮಾಕ್ಕೆ ಇಷ್ಟು ನೂಕುನುಗ್ಗಲು ಏಕೆ? ಕಾರಣ ಸರಳ. ಅಂಗೈಯಲ್ಲಿ ಸಿಗುವುದು 1977ರಲ್ಲಿ ಜನ ನೋಡಿದ ಸಿನಿಮಾ ಅಲ್ಲ. ಅಂದು ಸಂಜೆ ಪ್ರೊಜೆಕ್ಟರಿಗೆ ಏರಿದ್ದು 1977ರಲ್ಲೇ ತಯಾರಾದ, ಬಣ್ಣ ಮಾಸದೆ ಉಳಿದಿದ್ದ, ಅಪರೂಪದ ಒಂದು 35 ಮಿಲಿಮೀಟರ್ ಪ್ರಿಂಟು.

ನಿರ್ದೇಶಕ ಜಾರ್ಜ್ ಲ್ಯೂಕಸ್ ತಮ್ಮ ಈ ಚಿತ್ರವನ್ನು ತಿದ್ದುತ್ತಲೇ ಬಂದವರು. 1977ರ ಮೇ 25ರಂದು ಬರಿಯ ‘ಸ್ಟಾರ್ ವಾರ್ಸ್’ ಆಗಿ ತೆರೆಕಂಡದ್ದಕ್ಕೆ 1981ರ ಮರುಬಿಡುಗಡೆಯಲ್ಲಿ ‘ಎಪಿಸೋಡ್ 4, ಎ ನ್ಯೂ ಹೋಪ್’ ಎಂಬ ಬಾಲ ಸೇರಿತು. 1997ರ ‘ಸ್ಪೆಷಲ್ ಎಡಿಷನ್’ನಲ್ಲಿ ಕಂಪ್ಯೂಟರಿನಲ್ಲಿ ಹುಟ್ಟಿದ ಪ್ರಾಣಿಗಳು ಮರುಭೂಮಿಯ ಪೇಟೆಬೀದಿಯಲ್ಲಿ ಓಡಾಡತೊಡಗಿದವು. ಮೊದಲು ಕೈಬಿಟ್ಟಿದ್ದ ದೃಶ್ಯವೊಂದು ಒಳಗೆ ಬಂತು. ಮದ್ಯದಂಗಡಿಯ ಮೇಜಿನಡಿಯಿಂದ ಕಳ್ಳಸಾಗಣೆಗಾರ ಹಾನ್ ಸೋಲೊ ಗುಂಡು ಹಾರಿಸಿ ತನ್ನನ್ನು ಹಿಡಿಯಲು ಬಂದ ಗ್ರೀಡೊನನ್ನು ಮುಗಿಸುತ್ತಿದ್ದ ಜಾಗದಲ್ಲಿ ಈಗ ಗ್ರೀಡೊನೇ ಮೊದಲು ಹಾರಿಸಿ ಗುರಿ ತಪ್ಪಿದ. 2004ರ ಡಿವಿಡಿಯಲ್ಲಿ ಮತ್ತಷ್ಟು, 2011ರ ಬ್ಲೂ-ರೇಯಲ್ಲಿ ಇನ್ನಷ್ಟು ತಿದ್ದುಪಡಿ. ಮೂಲ ರೂಪ 2006ರಲ್ಲಿ ಒಮ್ಮೆ ಡಿವಿಡಿಯ ಉಡುಗೊರೆ ತಟ್ಟೆಯಾಗಿ ಹೊರಬಂತಾದರೂ ಅದನ್ನು ಮಾಡಿದ್ದು 1993ರ ಲೇಸರ್‌ಡಿಸ್ಕ್‌ಗೆಂದು ತಯಾರಿಸಿದ್ದ ಹಳೆಯ ವಿಡಿಯೊದಿಂದ. ದೊಡ್ಡ ಟೀವಿಯ ಮೇಲೆ ಅದು ಮಸುಕು ಮಸುಕು.

ಇದೇ ಲ್ಯೂಕಸ್ 1988ರಲ್ಲಿ ಅಮೆರಿಕದ ಸಂಸತ್ತಿನ ಸಮಿತಿಯ ಮುಂದೆ ನಿಂತು, ಹಳೆಯ ಚಿತ್ರಗಳಿಗೆ ಬಣ್ಣ ಬಳಿಯುವುದರ ವಿರುದ್ಧ, ಕಲಾಕೃತಿಗಳನ್ನು ಬದಲಿಸುವುದರ ವಿರುದ್ಧ ಗಟ್ಟಿಯಾಗಿ ವಾದಿಸಿದ್ದರು. ಇಲ್ಲಿ ವಿರೋಧಾಭಾಸ ಕಾಣುವವರಿದ್ದಾರೆ. ಅವರ ವಾದ ನಿರ್ಮಾತೃವಿನ ಹಕ್ಕಿನ ಪರವಾಗಿತ್ತು, ತಮ್ಮ ಚಿತ್ರವನ್ನು ತಾವು ತಿದ್ದುವುದು ಬೇರೆ ಮಾತು ಎನ್ನುವವರೂ ಇದ್ದಾರೆ. ಆ ಜಗಳದ ತೀರ್ಪು ಈ ಅಧ್ಯಾಯದ ಕೆಲಸವಲ್ಲ. ನಮಗೆ ಬೇಕಾದ ಪ್ರಶ್ನೆ ಭೌತಶಾಸ್ತ್ರಕ್ಕೂ ರಸಾಯನಶಾಸ್ತ್ರಕ್ಕೂ ಸೇರಿದ್ದು: ಅರ್ಧ ಶತಮಾನದ ಹಿಂದೆ ಬೆಳ್ಳಿತೆರೆಯ ಮೇಲೆ ಬಿದ್ದ ಬೆಳಕು ಹೇಗಿತ್ತೆಂದು ಇಂದು ತಿಳಿಯಲು ಸಾಧ್ಯವೇ?

ಪ್ರಿಂಟು ಹುಡುಕಿ ಹೊರಟವರು

ಸಾಧ್ಯ ಎಂದು ತೋರಿಸಲು ಹೊರಟವರು ಅಭಿಮಾನಿಗಳು. ಅವರ ಮೊದಲ ದಾರಿ ಸಂಕಲನದ್ದು. ಜೆಕ್ ದೇಶದ ಇಂಗ್ಲಿಷ್ ಮೇಷ್ಟರೊಬ್ಬರು ಬ್ಲೂ-ರೇ ಪ್ರತಿಯನ್ನು ಎದುರಿಗಿಟ್ಟುಕೊಂಡು, ಹೊಸದಾಗಿ ಸೇರಿದ್ದನ್ನೆಲ್ಲ ಒಂದೊಂದಾಗಿ ಕಿತ್ತು, ಆ ಜಾಗಕ್ಕೆ ಹಳೆಯ ಡಿವಿಡಿ ಮತ್ತಿತರ ಮೂಲಗಳ ತುಣುಕುಗಳನ್ನು ಹೊಂದಿಸಿ ‘ಡಿಸ್ಪೆಷಲೈಸ್ಡ್ ಎಡಿಷನ್’ ಕಟ್ಟಿದರು. ತಾಳ್ಮೆಗೆ ತಲೆದೂಗಬೇಕು. ಆದರೂ ಅದು ಇಂದಿನ ಪ್ರತಿಯಿಂದ ಹಿಂದಕ್ಕೆ ಊಹಿಸಿ ಕಟ್ಟಿದ ಸಿನಿಮಾ.

ಎರಡನೆಯ ದಾರಿ ನೇರವಾದದ್ದು. ಅಂದು ಟಾಕೀಸುಗಳಲ್ಲಿ ಓಡಿದ ಪ್ರಿಂಟನ್ನೇ ಪತ್ತೆಹಚ್ಚುವುದು, ಒಂದೊಂದೇ ಫ್ರೇಮನ್ನು ಸ್ಕ್ಯಾನ್ ಮಾಡುವುದು. ‘ಟೀಮ್ ನೆಗೆಟಿವ್ ಒನ್’ ಎಂಬ ಹೆಸರಿನ ಹವ್ಯಾಸಿಗಳ ಗುಂಪು 2016ರಲ್ಲಿ ‘ಸಿಲ್ವರ್ ಸ್ಕ್ರೀನ್ ಎಡಿಷನ್’ ಹೊರತಂದಿತು. 2018ರಲ್ಲಿ ಬಂದ ‘4ಕೆ77’ ಇನ್ನೂ ಪ್ರಸಿದ್ಧ. ಅದರ ಬಹುಪಾಲು ಒಂದೇ ಒಂದು ಟೆಕ್ನಿಕಲರ್ ಪ್ರಿಂಟಿನಿಂದ ಬಂದದ್ದು. ಹೆಸರಿನಲ್ಲಿರುವ 77 ಪ್ರಿಂಟಿನ ವರ್ಷ. 4ಕೆ ಎಂದರೆ ಅಡ್ಡಕ್ಕೆ ಸುಮಾರು 4,000 ಚುಕ್ಕಿಗಳ ಸ್ಕ್ಯಾನ್. ಇದೇ ಸರಣಿಯ ಮುಂದಿನ ಎರಡು ಚಿತ್ರಗಳ ಪ್ರಿಂಟುಗಳಿಗೂ ಈ ಯೋಗ ಬಂತು. ‘ಜುರಾಸಿಕ್ ಪಾರ್ಕ್’, ‘ದಿ ಮೇಟ್ರಿಕ್ಸ್’ ಚಿತ್ರಗಳ ಪ್ರಿಂಟುಗಳನ್ನೂ ಬೇರೆ ಬೇರೆ ಹವ್ಯಾಸಿಗಳು ಸ್ಕ್ಯಾನ್ ಮಾಡಿದ್ದಾರೆ.

ಕಾನೂನಿನ ಮಾತನ್ನು ಇಲ್ಲೇ ಮುಗಿಸಿಬಿಡೋಣ. ಹಾಲಿವುಡ್ ಕಂಪನಿಗಳು ಪ್ರಿಂಟನ್ನು ಥಿಯೇಟರಿಗೆ ಮಾರುತ್ತಿರಲಿಲ್ಲ, ಬಾಡಿಗೆಗೆ ಕೊಡುತ್ತಿದ್ದವು. ಓಟ ಮುಗಿದ ಮೇಲೆ ಅದು ಹಿಂದಿರುಗಬೇಕು, ಇಲ್ಲವೇ ನಾಶವಾಗಬೇಕು. ನಾಶವಾಗದೆ ಉಳಿದವು ಸಂಗ್ರಾಹಕರ ಮನೆ ಸೇರಿದವು. 1974ರಲ್ಲಿ ನಟ ರಾಡಿ ಮೆಕ್‌ಡವೆಲ್ ಮನೆಯ ಮೇಲೆ ಎಫ್‌ಬಿಐ ದಾಳಿ ನಡೆಸಿ ಅವರ ಸಂಗ್ರಹದ ಪ್ರಿಂಟುಗಳನ್ನೇ ಎತ್ತಿಕೊಂಡು ಹೋಗಿತ್ತು. ‘ಸ್ಟಾರ್ ವಾರ್ಸ್’ ಮೇಲಿನ ಅಮೆರಿಕದ ಹಕ್ಕು 95 ವರ್ಷದ್ದು, 2072ರ ಕೊನೆಯವರೆಗೂ ಇರುತ್ತದೆ. ಅಧಿಕೃತ ಡಿಸ್ಕ್ ಕೊಂಡವರು ಮಾತ್ರ ಇದನ್ನು ನೋಡಿ ಎಂದು ಅಭಿಮಾನಿಗಳು ಕೇಳಿಕೊಳ್ಳುವುದುಂಟು. ಅದು ಅವರ ಪ್ರಾಮಾಣಿಕತೆಯನ್ನು ತೋರಿಸುತ್ತದೆ, ಅನುಮತಿಯನ್ನಲ್ಲ.

ನೆಗೆಟಿವ್ ಇರುವಾಗ ಪ್ರಿಂಟೇಕೆ?

ಕ್ಯಾಮೆರಾದೊಳಗೆ ಓಡಿದ ನೆಗೆಟಿವ್ ಇರುವಾಗ ನಾಲ್ಕನೇ ತಲೆಮಾರಿನ ಸವೆದ ಪ್ರಿಂಟಿನ ಹಿಂದೆ ಬೀಳುವುದು ಹುಚ್ಚಲ್ಲವೇ? ವಿವರ ಬೇಕಿದ್ದರೆ ನೆಗೆಟಿವ್ ಮೇಲು, ಇದರಲ್ಲಿ ಎರಡು ಮಾತಿಲ್ಲ. ನೆಗೆಟಿವ್‌ನಿಂದ ಇಂಟರ್‌ಪಾಸಿಟಿವ್, ಅದರಿಂದ ಇಂಟರ್‌ನೆಗೆಟಿವ್, ಅದರಿಂದ ಥಿಯೇಟರಿನ ಪ್ರಿಂಟು. ಪ್ರತಿ ಹೆಜ್ಜೆಯಲ್ಲೂ ಲೆನ್ಸು ಮತ್ತು ಕಣಗಳು ಒಂದಷ್ಟು ಸೂಕ್ಷ್ಮವನ್ನು ನುಂಗುತ್ತವೆ. ಈ ಶತಮಾನದ ಆರಂಭದಲ್ಲಿ ಅಂತರರಾಷ್ಟ್ರೀಯ ದೂರಸಂಪರ್ಕ ಒಕ್ಕೂಟಕ್ಕಾಗಿ ತಜ್ಞರು ಥಿಯೇಟರುಗಳಲ್ಲೇ ಕುಳಿತು ಪರೀಕ್ಷಿಸಿದಾಗ, ಪ್ರಿಂಟಿನಿಂದ ತೆರೆಯ ಮೇಲೆ ಬೀಳುವ ಚಿತ್ರದ ಎತ್ತರದಲ್ಲಿ ಬಿಡಿಬಿಡಿಯಾಗಿ ಗುರುತಿಸಬಲ್ಲ ಗೆರೆಗಳು ಒಂದು ಸಾವಿರವನ್ನೂ ಮುಟ್ಟಲಿಲ್ಲ. ನಮ್ಮ ಮನೆಯ ಸಾಮಾನ್ಯ ಎಚ್‌ಡಿ ಟೀವಿಗೇ 1,080 ಗೆರೆಗಳಿವೆ.

ಆದರೆ ನೆಗೆಟಿವ್‌ನಲ್ಲಿ ಇಲ್ಲದ್ದೊಂದು ಪ್ರಿಂಟಿನಲ್ಲಿದೆ. ಅದು ತೀರ್ಮಾನ. ನೆಗೆಟಿವನ್ನು ಬೇಕೆಂದೇ ಸಪ್ಪೆಯಾಗಿ, ಕಿತ್ತಳೆ ಛಾಯೆಯೊಂದಿಗೆ ತಯಾರಿಸಿರುತ್ತಾರೆ. ಆಮೇಲೆ ಹೇಗೆ ಬೇಕಾದರೂ ಬಾಗಲಿ ಎಂದು. ಸಂಜೆಯ ದೃಶ್ಯ ಎಷ್ಟು ಕೆಂಪಾಗಬೇಕು, ಗುಹೆ ಎಷ್ಟು ಕತ್ತಲಾಗಬೇಕು ಎಂಬುದು ನಿಶ್ಚಯವಾಗುತ್ತಿದ್ದದ್ದು ಲ್ಯಾಬಿನಲ್ಲಿ. ಮುದ್ರಣ ಯಂತ್ರದ ಕೆಂಪು, ಹಸಿರು, ನೀಲಿ ದೀಪಗಳಿಗೆ 1ರಿಂದ 50ರವರೆಗೆ ಅಂಕಗಳಿರುತ್ತಿದ್ದವು. ಛಾಯಾಗ್ರಾಹಕ ಮತ್ತು ಲ್ಯಾಬಿನ ಬಣ್ಣಗಾರ ಒಟ್ಟಿಗೆ ಕುಳಿತು ಶಾಟ್‌ನಿಂದ ಶಾಟ್‌ಗೆ ಈ ಮೂರು ಅಂಕಗಳನ್ನು ಗೊತ್ತುಮಾಡುತ್ತಿದ್ದರು. ಆ ನಿರ್ಧಾರಗಳೆಲ್ಲ ಒಟ್ಟಾಗಿ ಕಣ್ಣಿಗೆ ಕಾಣುವುದು ಪ್ರಿಂಟಿನಲ್ಲಿ ಮಾತ್ರ. ನೆಗೆಟಿವನ್ನು ಇಂದು ಹೊಸದಾಗಿ ಸ್ಕ್ಯಾನ್ ಮಾಡಿ ಕಂಪ್ಯೂಟರಿನಲ್ಲಿ ಬಣ್ಣ ಹೊಂದಿಸುವವರು ಆ ತೀರ್ಮಾನಗಳನ್ನು ಹೊಸದಾಗಿ ಕೈಗೊಳ್ಳುತ್ತಾರೆ. ‘ದಿ ಮೇಟ್ರಿಕ್ಸ್’ ಹೀಗೆಯೇ ಹಸಿರಾಯಿತು. ಮುಂದಿನ ಭಾಗಗಳ ಬಣ್ಣಕ್ಕೆ ಹೊಂದಲೆಂದು 2000ದ ದಶಕದ ಡಿವಿಡಿ, ಬ್ಲೂ-ರೇಗಳಲ್ಲಿ ಇಡೀ ಚಿತ್ರಕ್ಕೆ ಹಸಿರು ಬಳಿದರು. 1999ರ ಪ್ರಿಂಟುಗಳ ಸ್ಕ್ಯಾನ್ ನೋಡಿದರೆ ಆ ಹಸಿರು ಅಷ್ಟಿಲ್ಲ.

‘ಸ್ಟಾರ್ ವಾರ್ಸ್’ನಲ್ಲಿ ಇನ್ನೊಂದು ತೊಡಕು. 1990ರ ದಶಕದಲ್ಲಿ ‘ಸ್ಪೆಷಲ್ ಎಡಿಷನ್’ಗಾಗಿ ಮೂಲ ನೆಗೆಟಿವನ್ನು ಹೊರತೆಗೆದಾಗ ಅದರ ಬಣ್ಣ ಆಗಲೇ ಕುಂದಿತ್ತು. ವಿಶೇಷ ಪರಿಣಾಮದ ಶಾಟ್‌ಗಳಿಗೆ ಬಳಸಿದ್ದ ಒಂದು ಬಗೆಯ ಮಧ್ಯಂತರ ಫಿಲಂ ವಿಶೇಷವಾಗಿ ಕೆಟ್ಟಿತ್ತು. ಸರಿಯಾದ ಬಣ್ಣ ಯಾವುದೆಂದು ತಿಳಿಯಲು ಅಂದಿನ ತಂತ್ರಜ್ಞರು ಮೊರೆಹೋದದ್ದು ಯಾವುದಕ್ಕೆ? ಲ್ಯೂಕಸ್ ಅವರ ಬಳಿಯಿದ್ದ ಒಂದು ಟೆಕ್ನಿಕಲರ್ ಪ್ರಿಂಟಿಗೆ. ಅಭಿಮಾನಿಗಳು ಆಮೇಲೆ ಹಿಡಿದ ಸಾಕ್ಷಿಯನ್ನು ಚಿತ್ರ ತಯಾರಿಸಿದ ಲ್ಯೂಕಸ್‌ಫಿಲಂ ಕಂಪನಿಯೇ ಮೊದಲು ಕಟಕಟೆಗೆ ಕರೆದಿತ್ತು. ಆ ಪ್ರಿಂಟು ಮಾತ್ರ ಹೇಗೆ ಮಾಸದೆ ಉಳಿಯಿತು?

ಬಣ್ಣ ಹತ್ತಿಸುವ ಎರಡು ಬಗೆ

1950ರ ದಶಕದ ನಂತರ ಜಗತ್ತಿನ ಬಹುಪಾಲು ಬಣ್ಣದ ಪ್ರಿಂಟುಗಳು ಈಸ್ಟ್‌ಮನ್‌ಕಲರ್ ಮಾದರಿಯವು. ಅವುಗಳಲ್ಲಿ ಬಣ್ಣ ಹುಟ್ಟುವುದು ಫಿಲಂನ ಒಳಗೇ. ಮೂರು ಪದರಗಳಲ್ಲಿ ಬೆಳ್ಳಿಯ ಲವಣದ ಜೊತೆ ಕಪ್ಲರ್ ಎಂಬ ಸಾವಯವ ರಾಸಾಯನಿಕಗಳನ್ನು ಹುದುಗಿಸಿರುತ್ತಾರೆ. ಫಿಲಂ ತೊಳೆಯುವಾಗ ಬೆಳಕು ಬಿದ್ದ ಜಾಗದಲ್ಲಿ ಡೆವಲಪರ್ ಉತ್ಕರ್ಷಣೆಗೊಂಡು ಕಪ್ಲರ್ ಜೊತೆ ಕೂಡಿ ಒಂದೊಂದು ಪದರದಲ್ಲಿ ಒಂದೊಂದು ಬಣ್ಣವಾಗುತ್ತದೆ: ಹಳದಿ, ಮಜೆಂಟಾ, ಮತ್ತು ನೀಲಿಹಸಿರಿನ ಸಯಾನ್. ಬೆಳ್ಳಿಯನ್ನು ತೊಳೆದುಹಾಕಿದ ಮೇಲೆ ಬಣ್ಣದ ಪುಟ್ಟ ಮೋಡಗಳಷ್ಟೇ ಉಳಿಯುತ್ತವೆ. ಅಗ್ಗ, ವೇಗ, ಒಂದೇ ಸಲದ ಕೆಲಸ.

ತೊಂದರೆಯೆಂದರೆ ಇಲ್ಲಿ ಬಣ್ಣವನ್ನು ಬಾಳಿಕೆ ನೋಡಿ ಆರಿಸುವ ಸ್ವಾತಂತ್ರ್ಯ ಕಡಿಮೆ. ಆ ಕ್ರಿಯೆಯಲ್ಲಿ ಹುಟ್ಟಬಲ್ಲ ಅಣುಗಳನ್ನೇ ಒಪ್ಪಬೇಕು. 1970ರ ದಶಕದ ಪ್ರಿಂಟು ಫಿಲಂಗಳಲ್ಲಿ ಸಯಾನ್ ಬಣ್ಣ ಕತ್ತಲ ಡಬ್ಬಿಯೊಳಗಿದ್ದರೂ ತಾನಾಗಿ ಒಡೆಯುತ್ತಿತ್ತು. ಸಯಾನ್‌ನ ಕೆಲಸ ಕೆಂಪು ಬೆಳಕನ್ನು ತಡೆಯುವುದು. ಅದು ಹೋದರೆ ಕೆಂಪಿಗೆ ತಡೆಯಿಲ್ಲ. ಆ ಕಾಲದ ಪ್ರಿಂಟುಗಳು ಹಗಲು, ರಾತ್ರಿ, ಕಾಡು, ಸಮುದ್ರವೆನ್ನದೆ ಗುಲಾಬಿಗೆಂಪಿಗೆ ತಿರುಗಿರುವುದು ಇದರಿಂದ. 1980ರ ಹೊತ್ತಿಗೆ ಅಮೆರಿಕದ ನಿರ್ದೇಶಕ ಮಾರ್ಟಿನ್ ಸ್ಕಾರ್ಸೇಸಿ ಈ ಬಗ್ಗೆ ದೊಡ್ಡ ಅಭಿಯಾನ ನಡೆಸಿ ನಿರ್ದೇಶಕರಿಂದ ಸಹಿ ಸಂಗ್ರಹಿಸಿದರು. 1980ರ ದಶಕದ ಆರಂಭದಲ್ಲಿ ಕೋಡಕ್ ಬೇಗ ಮಾಸದ ಪ್ರಿಂಟು ಫಿಲಂ ತಂದಿತು. 1977ರ ಪ್ರಿಂಟುಗಳ ಪಾಲಿಗೆ ಅದು ತಡವಾಗಿತ್ತು.

ಟೆಕ್ನಿಕಲರ್ ಕಂಪನಿಯ ಹಳೆಯ ವಿಧಾನವೇ ಬೇರೆ. ಅಲ್ಲಿ ಬಣ್ಣ ಹೊರಗಿನಿಂದ ಬರುತ್ತದೆ. ಕೆಂಪು, ಹಸಿರು, ನೀಲಿ ಬೆಳಕಿಗೆ ಒಂದರಂತೆ ಮೂರು ಜಿಲಾಟಿನ್ ಅಚ್ಚುಗಳನ್ನು ತಯಾರಿಸುತ್ತಾರೆ. ಚಿತ್ರದಲ್ಲಿ ಎಲ್ಲಿ ಬಣ್ಣ ಹೆಚ್ಚು ಬೇಕೋ ಅಲ್ಲಿ ಜಿಲಾಟಿನ್ ದಪ್ಪ. ಅಚ್ಚನ್ನು ಬಣ್ಣದಲ್ಲಿ ಅದ್ದಿ ಖಾಲಿ ಫಿಲಂಗೆ ಒತ್ತಿದರೆ ದಪ್ಪಕ್ಕೆ ತಕ್ಕಷ್ಟು ಬಣ್ಣ ಇಳಿಯುತ್ತದೆ. ಹೀಗೆ ಮೂರು ಸಲ, ಒಂದರ ಮೇಲೊಂದು, ಕೂದಲೆಳೆಯಷ್ಟೂ ಆಚೀಚೆ ಆಗದಂತೆ. ಬಣ್ಣವನ್ನು ಮೊದಲೇ ಬೇರೆ ಕಡೆ ತಯಾರಿಸಿಕೊಳ್ಳುವುದರಿಂದ ಗಟ್ಟಿಯಾದದ್ದನ್ನು ಆರಿಸಬಹುದು. ಹಿಂದೆ ಉಳಿದು ಕಾಟಕೊಡಲು ಕಪ್ಲರ್ ಎಂಬುದೇ ಇಲ್ಲ. ನೂರಾರು ಪ್ರಿಂಟು ಬೇಕಿದ್ದಾಗ ಲಾಭದಾಯಕವಾಗಿದ್ದ ಈ ವಿಧಾನ ಕಡಿಮೆ ಪ್ರಿಂಟಿಗೆ ದುಬಾರಿ, ನಿಧಾನ ಕೂಡ. ಹಾಲಿವುಡ್ಡಿನ ಘಟಕ 1970ರ ದಶಕದ ಮಧ್ಯದಲ್ಲೇ ಇದನ್ನು ನಿಲ್ಲಿಸಿತು. ಲಂಡನ್ನಿನ ಘಟಕ ಇನ್ನೂ ಕೆಲವು ವರ್ಷ ಉಸಿರು ಹಿಡಿದಿತ್ತು. ‘ಸ್ಟಾರ್ ವಾರ್ಸ್’ ಬ್ರಿಟನ್ನಿನಲ್ಲಿ ಬಿಡುಗಡೆಯಾಗುವ ಹೊತ್ತಿಗೆ ಆ ಯಂತ್ರಗಳು ಓಡುತ್ತಿದ್ದವು, ಸ್ವಲ್ಪದರಲ್ಲೇ ನಿಂತವು. ಚಿತ್ರ ಒಂದೆರಡು ವರ್ಷ ತಡವಾಗಿದ್ದರೆ ಈ ಸಾಕ್ಷಿ ಹುಟ್ಟುತ್ತಲೇ ಇರಲಿಲ್ಲ.

ಡಬ್ಬಿ ತೆರೆದರೆ ಹುಳಿ ವಾಸನೆ

ಬಣ್ಣ ಉಳಿದರೂ ಬಣ್ಣ ಹೊತ್ತ ಪಟ್ಟಿ ಉಳಿಯಬೇಕಲ್ಲ. ಬೆಂಕಿಗೆ ಹೆದರಿ ನೈಟ್ರೇಟ್ ಫಿಲಂ ಬಿಟ್ಟ ಉದ್ಯಮ 1948ರಿಂದ ಸೆಲ್ಯುಲೋಸ್ ಟ್ರೈಅಸಿಟೇಟ್ ಹಿಡಿಯಿತು. ‘ಸೇಫ್ಟಿ ಫಿಲಂ’ ಎಂದೇ ಅದರ ಹೆಸರು. ಅದೂ ಕೆಡುತ್ತದೆಂದು ಕೋಡಕ್ ಕಂಪನಿಗೆ ಮೊದಲ ವರದಿ ಹೋದದ್ದು ಒಂದು ದಶಕದೊಳಗೆ, ಭಾರತ ಸರ್ಕಾರದಿಂದ. ನಮ್ಮ ಸೆಕೆ ಮತ್ತು ತೇವ ಆ ಫಿಲಂನ ದೌರ್ಬಲ್ಯವನ್ನು ಉಳಿದ ಜಗತ್ತಿಗಿಂತ ಮೊದಲೇ ಬಯಲಿಗೆಳೆದಿದ್ದವು.

ನಡೆಯುವುದಿಷ್ಟು. ಗಾಳಿಯ ತೇವ ಅಸಿಟೇಟ್ ಅಣುವಿನಿಂದ ಒಂದು ಗುಂಪನ್ನು ಕಳಚಿ ಅಸಿಟಿಕ್ ಆಮ್ಲ ಮಾಡುತ್ತದೆ, ಅಂದರೆ ವಿನೆಗರಿನ ಹುಳಿ. ಆ ಆಮ್ಲವೇ ಮುಂದಿನ ಕಳಚುವಿಕೆಗೆ ವೇಗವರ್ಧಕ. ಹೀಗಾಗಿ ವರ್ಷಗಟ್ಟಲೆ ಏನೂ ಆಗದಂತೆ ಕಾಣುವ ಪ್ರಿಂಟು ಒಂದು ಹಂತ ದಾಟಿದ ಮೇಲೆ ಧಡಧಡನೆ ಕುಸಿಯುತ್ತದೆ. ಕುಗ್ಗುತ್ತದೆ, ಅಂಚು ಅಲೆಯಾಗುತ್ತದೆ, ಮುಟ್ಟಿದರೆ ಮುರಿಯುತ್ತದೆ. ಮುಚ್ಚಿದ ಡಬ್ಬಿ ಆಮ್ಲದ ಆವಿಯನ್ನು ಒಳಗೇ ಹಿಡಿದಿಟ್ಟು ಕೇಡನ್ನು ಹೆಚ್ಚಿಸುತ್ತದೆ. ಮದ್ದು ಒಂದೇ, ತಂಪು ಮತ್ತು ಒಣ ಹವೆ. ಬ್ರಿಟಿಷ್ ಫಿಲಂ ಇನ್‌ಸ್ಟಿಟ್ಯೂಟ್‌ನ ಮುಖ್ಯ ಉಗ್ರಾಣದಲ್ಲಿ ತಾಪಮಾನ ಮೈನಸ್ 5 ಡಿಗ್ರಿ ಸೆಲ್ಸಿಯಸ್, ಆರ್ದ್ರತೆ ಶೇಕಡಾ 35. ಹವ್ಯಾಸಿ ಸಂಗ್ರಾಹಕರ ಅಟ್ಟಕ್ಕೆ ಆ ಭಾಗ್ಯವಿಲ್ಲ. ಅಭಿಮಾನಿಗಳ ಅವಸರಕ್ಕೆ ಇದೂ ಒಂದು ಕಾರಣ. ಪ್ರಿಂಟು ಸಾಯುವ ಮುನ್ನ ಅದರ ಹೇಳಿಕೆ ಬರೆಸಿಕೊಳ್ಳಬೇಕು.

ಕತ್ತಲನ್ನು ಅಳೆಯುವ ಕಷ್ಟ

121 ನಿಮಿಷದ ಚಿತ್ರದಲ್ಲಿ, ಸೆಕೆಂಡಿಗೆ 24ರಂತೆ, 1,74,240 ಫ್ರೇಮುಗಳಿವೆ. ಅಡಿಗೆ 16 ಫ್ರೇಮಿನಂತೆ 10,890 ಅಡಿ, ಅಂದರೆ ಮೂರೂಕಾಲು ಕಿಲೋಮೀಟರಿಗೂ ಉದ್ದದ ಪಟ್ಟಿ. 4ಕೆ ಸ್ಕ್ಯಾನ್‌ನಲ್ಲಿ ಒಂದು ಫ್ರೇಮ್ ಸುಮಾರು 51 ಮೆಗಾಬೈಟ್ ನುಂಗಿದರೆ ಇಡೀ ಚಿತ್ರಕ್ಕೆ ಹತ್ತಿರ ಹತ್ತಿರ 9 ಟೆರಾಬೈಟ್. ಸಾವಿರ ಗೆರೆಯಿಲ್ಲದ ಪ್ರಿಂಟಿಗೆ ಇಷ್ಟು ಚುಕ್ಕಿ ಏಕೆ? ಚಿತ್ರವನ್ನು ಹೊತ್ತಿರುವುದು ಬಣ್ಣದ ಕಣಗಳು. ಅವು ಚಿತ್ರದ ವಿವರಕ್ಕಿಂತ ಸೂಕ್ಷ್ಮ. ಅವುಗಳಿಗಿಂತ ಒರಟಾದ ಜಾಲರಿಯಲ್ಲಿ ಅಳೆದರೆ ಪ್ರಿಂಟಿನಲ್ಲೇ ಇಲ್ಲದ ಸುಳ್ಳು ಚುಕ್ಕಿ, ಸುಳ್ಳು ಅಲೆ ಹುಟ್ಟಿಕೊಳ್ಳುತ್ತವೆ. ಅಳತೆಯ ಜಾಲರಿ ವಸ್ತುವಿಗಿಂತ ಸೂಕ್ಷ್ಮವಾಗಿರಬೇಕು.

ಇದಕ್ಕಿಂತ ಕಷ್ಟದ್ದು ಕಪ್ಪು. ಪ್ರಿಂಟನ್ನು ತಯಾರಿಸುವುದು ಪ್ರೊಜೆಕ್ಟರಿನ ಉರಿಯುವ ದೀಪಕ್ಕಾಗಿ, ಆದ್ದರಿಂದ ಅದರ ಕಪ್ಪು ಬಹಳ ದಟ್ಟ. ಫಿಲಂ ಜನ ದಟ್ಟಣೆಯನ್ನು ಲಾಗರಿದಂನಲ್ಲಿ ಹೇಳುತ್ತಾರೆ. ದಟ್ಟಣೆ 1 ಎಂದರೆ ಹತ್ತರಲ್ಲಿ ಒಂದು ಪಾಲು ಬೆಳಕು ದಾಟುತ್ತದೆ, 2 ಎಂದರೆ ನೂರರಲ್ಲಿ ಒಂದು, 3 ಎಂದರೆ ಸಾವಿರದಲ್ಲಿ ಒಂದು. ಒಳ್ಳೆಯ ಪ್ರಿಂಟಿನ ಕಪ್ಪು 3ನ್ನು ದಾಟುತ್ತದೆ. ಬಿಳಿಯ ಬಾಹ್ಯಾಕಾಶ ನೌಕೆ ಉರಿದು ಹೋಗದಂತೆ ಬೆಳಕು ಇಟ್ಟರೆ ಅದೇ ಫ್ರೇಮಿನ ಕಪ್ಪು ಆಕಾಶದಿಂದ ಸಂವೇದಕಕ್ಕೆ ತಲುಪುವುದು ಬೆರಳೆಣಿಕೆಯ ಫೋಟಾನುಗಳು. ಒಳ್ಳೆಯ ಸ್ಕ್ಯಾನರುಗಳು ಇದಕ್ಕಾಗಿ ಪ್ರತಿ ಫ್ರೇಮಿಗೆ ಎರಡು ಅಥವಾ ಮೂರು ಸಲ, ಬೇರೆ ಬೇರೆ ತೀವ್ರತೆಯಲ್ಲಿ ಬೆಳಕು ಮಿನುಗಿಸಿ, ಆ ಅಳತೆಗಳನ್ನು ಒಂದಾಗಿ ಬೆಸೆಯುತ್ತವೆ.

ಈ ದಟ್ಟ ಕಪ್ಪಿನಲ್ಲಿ ಒಂದು ಗುಟ್ಟಿದೆ. 1977ರಲ್ಲಿ ನೌಕೆಗಳನ್ನು ಆಕಾಶದ ಮೇಲೆ ಕೂರಿಸಿದ್ದು ಮ್ಯಾಟ್ ಎಂಬ ಮುಸುಕುಗಳಿಂದ, ಒಂದರ ಮೇಲೊಂದು ಫಿಲಂ ಮುದ್ರಿಸಿ. ನೌಕೆಯ ಸುತ್ತ ಉಳಿಯುತ್ತಿದ್ದ ಚೌಕಾಕಾರದ ಮಸುಕು ಕಲೆ ಪ್ರಿಂಟಿನ ಕಪ್ಪಿನಲ್ಲಿ ಮುಳುಗಿ ಹೋಗುತ್ತಿತ್ತು. ಅದು ಮುಳುಗುತ್ತದೆ ಎಂಬ ಲೆಕ್ಕದ ಮೇಲೆಯೇ ತಂತ್ರಜ್ಞರು ಕೆಲಸ ಮಾಡಿದ್ದರು. ಮುಂದೆ ವಿಡಿಯೊ ಕ್ಯಾಸೆಟ್ಟಿಗಾಗಿ ಚಿತ್ರವನ್ನು ಬೆಳಗಿಸಿದಾಗ ಆ ಚೌಕಗಳು ಎದ್ದು ಕಂಡವು. ‘ಆ ಕಾಲದ ಟ್ರಿಕ್ಕು ಕಳಪೆ’ ಎಂದು ಜನ ನಕ್ಕರು. ಟ್ರಿಕ್ಕು ಕಳಪೆಯಾಗಿರಲಿಲ್ಲ. ತೋರಿಸಬಾರದ್ದನ್ನು ತೋರಿಸುವ ಮಾಧ್ಯಮಕ್ಕೆ ಅದನ್ನು ಎಳೆತಂದಿದ್ದರು. ಒಳ್ಳೆಯ ಪ್ರಿಂಟು ಸ್ಕ್ಯಾನ್ ಈ ಅನ್ಯಾಯವನ್ನು ಸರಿಪಡಿಸುತ್ತದೆ.

ಮಳೆ ನಿಲ್ಲಿಸುವ ವಿದ್ಯೆ

ಟೆಂಟು ಸಿನಿಮಾ ನೋಡಿದವರಿಗೆ ಪ್ರಿಂಟಿನ ಮಳೆ ಗೊತ್ತು. ಊರೂರು ಸುತ್ತಿದ ರೀಲಿನ ಗೀರುಗಳು ಕಥೆಯಲ್ಲಿ ಬಿಸಿಲಿದ್ದರೂ ತೆರೆಯ ಮೇಲೆ ಸುರಿಯುತ್ತಿರುತ್ತವೆ. ಗೀರು ಫಿಲಂನ ಬೆನ್ನಿನ ಮೇಲಿದ್ದರೆ ಅದು ಬೆಳಕನ್ನು ಚದರಿಸುವುದರಿಂದ ಕಪ್ಪಾಗಿ ಕಾಣುತ್ತದೆ. ದೊಡ್ಡ ಲ್ಯಾಬುಗಳು ಫಿಲಂನಷ್ಟೇ ವಕ್ರೀಭವನ ಸೂಚ್ಯಂಕ ಇರುವ ದ್ರವದಲ್ಲಿ ಅದನ್ನು ಮುಳುಗಿಸಿ ಸ್ಕ್ಯಾನ್ ಮಾಡುತ್ತವೆ. ಗೀರಿನೊಳಗೆ ದ್ರವ ತುಂಬಿ ಬೆಳಕು ನೇರ ಹಾಯುತ್ತದೆ, ಗೀರು ಮಾಯ.

ದೂಳಿಗೆ ಇನ್ನೊಂದು ಉಪಾಯ. ಬಣ್ಣದ ಫಿಲಂನ ಮೂರೂ ಬಣ್ಣಗಳು ಅವಗೆಂಪು ಕಿರಣಕ್ಕೆ ಪಾರದರ್ಶಕ. ದೂಳು, ಕೂದಲು ಮಾತ್ರ ತಡೆಯುತ್ತವೆ. ಅವಗೆಂಪಿನಲ್ಲಿ ತೆಗೆದ ಇನ್ನೊಂದು ಚಿತ್ರದಲ್ಲಿ ಕಥೆ ಕಾಣಿಸುವುದೇ ಇಲ್ಲ, ಕೊಳೆಯ ನಕಾಶೆ ಮಾತ್ರ ಕಾಣುತ್ತದೆ. ಆ ನಕಾಶೆ ಹಿಡಿದು ಕಂಪ್ಯೂಟರು ಅಕ್ಕಪಕ್ಕದ ಫ್ರೇಮುಗಳಿಂದ ಕಲೆಗಳನ್ನು ತುಂಬುತ್ತದೆ. ಕಪ್ಪು-ಬಿಳುಪು ಫಿಲಂಗೆ ಈ ಆಟ ನಡೆಯದು, ಅಲ್ಲಿನ ಬೆಳ್ಳಿ ಅವಗೆಂಪನ್ನೂ ತಡೆಯುತ್ತದೆ.

ಒಂದಕ್ಕಿಂತ ಹೆಚ್ಚು ಪ್ರಿಂಟು ಸಿಕ್ಕರೆ ಸೊಗಸಾದ ಗಣಿತವೊಂದು ನೆರವಿಗೆ ಬರುತ್ತದೆ. ಒಂದೇ ಫ್ರೇಮಿನ ನಾಲ್ಕು ಪ್ರಿಂಟುಗಳನ್ನು ಕರಾರುವಾಕ್ಕಾಗಿ ಒಂದರ ಮೇಲೊಂದು ಹೊಂದಿಸಿ ಸರಾಸರಿ ತೆಗೆದರೆ, ಪ್ರತಿ ಪ್ರಿಂಟಿಗೂ ಬೇರೆಯಾದ ಕಣಗಳ ಗದ್ದಲ ನಾಲ್ಕರ ವರ್ಗಮೂಲದಷ್ಟು, ಅಂದರೆ ಅರ್ಧಕ್ಕೆ ಇಳಿಯುತ್ತದೆ. ಪ್ರಿಂಟಿನ ದೂಳು, ಗೀರುಗಳೂ ಹಿಂದೆ ಸರಿಯುತ್ತವೆ. ಆದರೆ ನೆಗೆಟಿವ್‌ನಿಂದ ಬಂದ ಕಣ ನಾಲ್ಕರಲ್ಲೂ ಒಂದೇ ತೆರನಾದ್ದರಿಂದ ಅದು ಅಲುಗುವುದಿಲ್ಲ. ನಾಲ್ವರು ಸಾಕ್ಷಿಗಳು ಒಟ್ಟಿಗೆ ಹೇಳಿದ್ದು ಉಳಿಯುತ್ತದೆ, ಒಬ್ಬೊಬ್ಬರ ತೊದಲು ಬಿದ್ದುಹೋಗುತ್ತದೆ.

ಮಾಸಿದ ಪ್ರಿಂಟಿನಲ್ಲಿ ಸಯಾನ್ ಸ್ವಲ್ಪವಾದರೂ ಉಳಿದಿದ್ದರೆ ಅದನ್ನು ಹಿಗ್ಗಿಸಿ ಬಣ್ಣ ಮರಳಿಸಬಹುದು. ಅದರೊಂದಿಗೆ ಗದ್ದಲವೂ ಹಿಗ್ಗುತ್ತದೆ. ಪೂರ್ತಿ ಹೋಗಿದ್ದರೆ ಯಾವ ಸಾಫ್ಟ್‌ವೇರೂ ಅದನ್ನು ತರಲಾರದು. ತಂದಂತೆ ಕಂಡರೆ ಅದು ಊಹೆ. ಯಂತ್ರ ಮಾಡಲಾರದ ಉಳಿದ ಕೆಲಸ ಕೈಯದು. ಒಂದು ಫ್ರೇಮಿಗೆ ಒಂದೇ ನಿಮಿಷ ಕೊಟ್ಟರೂ 2,904 ಗಂಟೆ ಬೇಕು. ದಿನಕ್ಕೆ ಎಂಟು ಗಂಟೆಯಂತೆ, ರಜೆಯಿಲ್ಲದೆ, ಒಂದು ವರ್ಷ. ಸಂಬಳದ ಲೆಕ್ಕದಲ್ಲಿ ಕೂಡಿಬರದ ಈ ಕೆಲಸ ಪ್ರೀತಿಯ ಲೆಕ್ಕದಲ್ಲಿ ಕೂಡಿಬಂತು.

ಪಾಟೀಸವಾಲು

ಇಷ್ಟಾದ ಮೇಲೆ ಕಾಣುತ್ತಿರುವುದು 1977ರ ‘ಸ್ಟಾರ್ ವಾರ್ಸ್’ ತಾನೇ? ಸಾಕ್ಷಿ ಎಷ್ಟೇ ಪ್ರಾಮಾಣಿಕನಾಗಿದ್ದರೂ ಪಾಟೀಸವಾಲು ತಪ್ಪದು.

ಮೊದಲ ಪ್ರಶ್ನೆ: ಯಾರ 1977? ಅಮೆರಿಕದ ಬಹುಪಾಲು ಜನ ನೋಡಿದ್ದು ಈಸ್ಟ್‌ಮನ್‌ ಫಿಲಂನ ಪ್ರಿಂಟು. ಮಾಸದೆ ಉಳಿದದ್ದು ಬ್ರಿಟನ್ನಿನ ಟೆಕ್ನಿಕಲರ್ ಪ್ರಿಂಟು. ಎರಡರ ಬಣ್ಣದ ಅಣುಗಳೇ ಬೇರೆ, ಆದ್ದರಿಂದ ಕೆಂಪು, ಹಳದಿಗಳ ಹದವೂ ಸ್ವಲ್ಪ ಬೇರೆ. ಬಾಳಿ ಬದುಕಿದ ಸಾಕ್ಷಿಯೇ ಹೆಚ್ಚು ನಂಬಿಕೆಗೆ ಅರ್ಹ ಎಂದುಕೊಳ್ಳುವುದು ಸುಲಭ. ಆದರೆ ಅವನು ನಿಂತಿದ್ದ ಜಾಗವೇ ಬೇರೆ.

ಎರಡನೆಯದು ದೀಪದ್ದು. ಪ್ರಿಂಟಿಗೆ ತನ್ನದೇ ಬೆಳಕಿಲ್ಲ. ಕಾರ್ಬನ್ ಕಡ್ಡಿಗಳ ನಡುವೆ ಉರಿಯುವ ಆರ್ಕ್ ದೀಪಕ್ಕೂ ಕ್ಸೆನಾನ್ ದೀಪಕ್ಕೂ ಸ್ಕ್ಯಾನರಿನ ಎಲ್‌ಇಡಿಗೂ ಬಿಳಿ ಎಂದರೆ ಬೇರೆ ಬೇರೆ. ಹೀಗಾಗಿ ಸ್ಕ್ಯಾನ್ ಮಾಡಿದವರೂ ಕೊನೆಗೆ ಬಿಳಿ ಯಾವುದೆಂದು ತಾವೇ ನಿರ್ಧರಿಸಬೇಕು. ಮೂರನೆಯದು ಕಣಗಳದ್ದು. 4ಕೆ77 ಎರಡು ಬಗೆಯಲ್ಲಿ ಬಂದಿದೆ, ಕಣಗಳನ್ನು ಹಾಗೆಯೇ ಬಿಟ್ಟದ್ದು ಮತ್ತು ಒಂದಿಷ್ಟು ನಯಗೊಳಿಸಿದ್ದು. ಒಂದೇ ಸಾಕ್ಷಿಯ ಹೇಳಿಕೆಗೆ ಎರಡು ಪಾಠಾಂತರ. ನಾಲ್ಕನೆಯದು ಧ್ವನಿ. 1977ರಲ್ಲೇ ಈ ಚಿತ್ರಕ್ಕೆ ಮೂರು ಧ್ವನಿಮಿಶ್ರಣಗಳಿದ್ದವು: 70 ಮಿಲಿಮೀಟರಿನ ಆರು ಟ್ರ್ಯಾಕಿನದು, 35ರ ಡಾಲ್ಬಿ ಸ್ಟೀರಿಯೊ, ಮತ್ತು ಸಾಧಾರಣ ಥಿಯೇಟರುಗಳ ಮೋನೊ. ಮೋನೊದಲ್ಲಿ ನಾಯಕನ ಚಿಕ್ಕಮ್ಮ ಬೆರು ಮಾತನಾಡುವ ದನಿಯೇ ಬೇರೆಯವರದು. ಒಂದೇ ವಾರದಲ್ಲಿ ಎರಡು ಥಿಯೇಟರಿಗೆ ಹೋದವರು ಎರಡು ಸಿನಿಮಾ ಕೇಳಿರಲು ಸಾಧ್ಯ.

ಅಂದರೆ ತಿದ್ದುಪಡಿಗೆ ಮುಂಚಿನ ‘ಏಕೈಕ ಮೂಲ’ ಎಂಬುದೂ ಪೂರ್ತಿ ನಿಜವಲ್ಲ. ಇದರಿಂದ ಪ್ರಿಂಟು ಸ್ಕ್ಯಾನ್‌ನ ಬೆಲೆ ಕುಗ್ಗುವುದಿಲ್ಲ, ಅದು ಯಾವ ಬಗೆಯ ವಸ್ತುವೆಂದು ತಿಳಿಯುತ್ತದೆ. ಅದು ಅಳತೆ. ಯಾವ ಅಳತೆಗೂ ಇರುವಂತೆ ಅದಕ್ಕೂ ದೋಷದ ಅಂಚಿದೆ. ಆ ಅಂಚಿನೊಳಗೆ ಅದು ಹೇಳುವ ಕೆಲವು ಮಾತನ್ನು ಯಾರೂ ಅಲ್ಲಗಳೆಯಲಾರರು. ಹಾನ್ ಮೊದಲು ಗುಂಡು ಹಾರಿಸಿದ್ದ ಎಂಬುದು ಅದರಲ್ಲೊಂದು.

ನಮ್ಮ 1977

ಈ ಕಥೆಗೆ ಕನ್ನಡದ ನಂಟೊಂದು ಇದೆ. ಅದೇ 1977ರ ‘ಘಟಶ್ರಾದ್ಧ’ವನ್ನು ಸ್ಕಾರ್ಸೇಸಿ ಅವರ ಫಿಲಂ ಫೌಂಡೇಷನ್, ಮುಂಬೈಯ ಫಿಲಂ ಹೆರಿಟೇಜ್ ಫೌಂಡೇಷನ್ ಮತ್ತು ಇಟಲಿಯ ಬೊಲೋನ್ಯ ನಗರದ ಸಿನೆಟೆಕಾ ಸೇರಿ ಪುನರುಜ್ಜೀವಿಸಿದವು, 2024ರಲ್ಲಿ ವೆನಿಸ್ ಚಿತ್ರೋತ್ಸವದಲ್ಲಿ ಅದು ತೆರೆಕಂಡಿತು. ಹಣ ಕೊಟ್ಟದ್ದು ಹಾಬ್ಸನ್-ಲ್ಯೂಕಸ್ ಕುಟುಂಬದ ಪ್ರತಿಷ್ಠಾನ, ಅಂದರೆ ಇದೇ ಜಾರ್ಜ್ ಲ್ಯೂಕಸ್ ದಂಪತಿಯದು. ಆ ಕೆಲಸದಲ್ಲಿ ನಿರ್ದೇಶಕ ಗಿರೀಶ ಕಾಸರವಳ್ಳಿ ಜೊತೆಗಿದ್ದರು. ಕಪ್ಪು-ಬಿಳುಪಿನಲ್ಲಿ ಮಾಸಲು ಬಣ್ಣವಿಲ್ಲ. ಆದರೂ ಯಾವ ನೆರಳು ಎಷ್ಟು ಗಾಢವಾಗಿತ್ತು ಎಂಬ ಪ್ರಶ್ನೆ ಇದ್ದೇ ಇರುತ್ತದೆ, ಉತ್ತರ ಹೇಳಬಲ್ಲವರು ಎದುರಿಗಿದ್ದರೆ ಅದು ಭಾಗ್ಯ.

ಎಲ್ಲ ಚಿತ್ರಗಳಿಗೂ ಆ ಭಾಗ್ಯವಿಲ್ಲ. 1965ರ ‘ಸತ್ಯ ಹರಿಶ್ಚಂದ್ರ’ 2008ರಲ್ಲಿ, 1971ರ ‘ಕಸ್ತೂರಿ ನಿವಾಸ’ 2014ರಲ್ಲಿ ಬಣ್ಣ ತುಂಬಿಕೊಂಡು ಮರುಬಿಡುಗಡೆಯಾದವು. ಜನ ಸಂಭ್ರಮದಿಂದ ನೋಡಿದರು, ತಪ್ಪೇನಿಲ್ಲ. ಬಣ್ಣದ ಪ್ರತಿ ಪಕ್ಕದಲ್ಲಿ ಬೆಳ್ಳಿಯ ಪ್ರತಿಯೂ ಉಳಿದಿರುವವರೆಗೆ ಅದು ಇನ್ನೊಂದು ಆವೃತ್ತಿ ಅಷ್ಟೆ. ಉಳಿಯದಿದ್ದರೆ ಹೊಸ ಬಣ್ಣವೇ ಚರಿತ್ರೆಯಾಗಿಬಿಡುತ್ತದೆ. ಏನೂ ಉಳಿಯದಿರುವುದಕ್ಕೂ ನಮ್ಮಲ್ಲಿ ಉದಾಹರಣೆಯಿದೆ. ಕನ್ನಡದ ಮೊದಲ ಮಾತಿನ ಚಿತ್ರ, 1934ರ ‘ಸತಿ ಸುಲೋಚನಾ’ದ ಒಂದು ಪ್ರಿಂಟೂ ಇಂದು ಇಲ್ಲ. ಪಾಟೀಸವಾಲು ಮಾಡಲು ಕಟಕಟೆಯಲ್ಲಿ ಯಾರೂ ಇಲ್ಲ.

ಲ್ಯೂಕಸ್‌ಫಿಲಂ ಈಗ ಮನಸ್ಸು ಬದಲಿಸಿದೆ. ಚಿತ್ರದ 50ನೇ ವರ್ಷಕ್ಕೆ, 2027ರಲ್ಲಿ, 1977ರ ರೂಪವನ್ನೇ ಹೊಸದಾಗಿ ಸಂಸ್ಕರಿಸಿ ಥಿಯೇಟರಿಗೆ ತರುವುದಾಗಿ ಪ್ರಕಟಿಸಿದೆ. ಅದು ನೆಗೆಟಿವ್‌ನ ವಿವರವನ್ನೂ ಪ್ರಿಂಟಿನ ತೀರ್ಮಾನವನ್ನೂ ಕೂಡಿಸಿಕೊಂಡು ಬಂದರೆ ಹವ್ಯಾಸಿಗಳ ಸ್ಕ್ಯಾನ್ ನೋಡುವ ಅಗತ್ಯವೇ ಉಳಿಯಲಾರದು. ಹಾಗೆ ಬಂದಿದೆಯೇ ಎಂದು ಪರೀಕ್ಷಿಸಲು ಮಾತ್ರ ಆ ಸ್ಕ್ಯಾನ್‌ಗಳೇ ಬೇಕಾಗುತ್ತವೆ. ನೋಡುಗರಿಗೂ ಇಲ್ಲೊಂದು ಪಾಠವಿದೆ. ಇನ್ನು ಮುಂದೆ ಯಾವುದೇ ಹಳೆಯ ಚಿತ್ರದ ಮೇಲೆ ‘4ಕೆ ರೀಮಾಸ್ಟರ್’ ಎಂಬ ಚೀಟಿ ಕಂಡರೆ ಚುಕ್ಕಿಗಳ ಲೆಕ್ಕ ಕೇಳಿ ಸುಮ್ಮನಾಗಬಾರದು. ಸ್ಕ್ಯಾನ್ ಮಾಡಿದ್ದು ನೆಗೆಟಿವನ್ನೋ ಪ್ರಿಂಟನ್ನೋ, ಬಣ್ಣವನ್ನು ಯಾವುದಕ್ಕೆ ಹೋಲಿಸಿ ಹೊಂದಿಸಿದರು, ಆ ಹೋಲಿಕೆ ಮಾಡಿದವರು ಯಾರು ಎಂಬ ಮೂರು ಪ್ರಶ್ನೆಗಳನ್ನು ಕೇಳಬೇಕು. ಉತ್ತರ ಸಿಕ್ಕರೆ ಅದು ಪುನರುಜ್ಜೀವನ. ಸಿಗದಿದ್ದರೆ ಅದನ್ನು ಹೊಸ ಸಿನಿಮಾ ಎಂದುಕೊಂಡೇ ನೋಡುವುದು ಸರಿ.